ಹಡಗು ತೋರಿಸುವ ಆ್ಯಪ್‌ಗೆ ಒಂದು ವರ್ಷ ದುಡ್ಡು ಕಟ್ಟಿದ್ದೇನೆ: ಏನು ಕಾಣುತ್ತದೆ, ಏನು ಕಾಣುವುದಿಲ್ಲ

ಮೊದಲೇ ಹೇಳಿಬಿಡುತ್ತೇನೆ, ಪೂರ್ತಿ ಓದಲು ಪುರುಸೊತ್ತಿಲ್ಲದವರಿಗೆ ಅನುಕೂಲ. ಐದರಲ್ಲಿ ಮೂರೂವರೆ ಸ್ಟಾರ್. ನಿಮ್ಮ ಮನೆಯವರು ಯಾರಾದರೂ ಹಡಗಿನ ಮೇಲೆ ಇದ್ದರೆ, ಅಥವಾ ನಿಮ್ಮ ಮಾಲು ಸಮುದ್ರದ ಮೇಲಿಂದ ಬರುತ್ತಿದ್ದರೆ ದುಡ್ಡು ಕೊಟ್ಟು ತೆಗೆದುಕೊಳ್ಳಿ. ರಷ್ಯಾದ ಯುದ್ಧನೌಕೆ ಈಗ ಎಲ್ಲಿದೆ ಅಂತ ನೋಡುವ ಆಸೆಗೆ ಮಾತ್ರ ತೆಗೆದುಕೊಳ್ಳಬೇಡಿ. ಅದು ಇದರಲ್ಲಿ ಕಾಣುವುದಿಲ್ಲ.

ಆ್ಯಪ್‌ನ ಹೆಸರು ಬರೆಯುತ್ತಿಲ್ಲ. ಇಂಥವು ನಾಲ್ಕೈದು ಇವೆ. ಎಲ್ಲವೂ ಒಂದೇ ಬಗೆಯ ಸಂದೇಶ ಹಿಡಿದು ಒಂದೇ ಬಗೆಯ ನಕ್ಷೆ ತೋರಿಸುತ್ತವೆ, ಹಾಗಾಗಿ ನಾನು ಹೇಳುವುದು ಹೆಚ್ಚುಕಡಿಮೆ ಎಲ್ಲದಕ್ಕೂ ಹೊಂದುತ್ತದೆ.

ವಿಜಯಪುರದವನಿಗೆ ಹಡಗಿನ ಚಿಂತೆ ಯಾಕೆ ಅಂತ ನೀವು ಕೇಳಬಹುದು. ನನ್ನದು ಇಲ್ಲಿ ಎಣ್ಣೆ ಅಂಗಡಿ, ಅಪ್ಪನ ಕಾಲದಿಂದ ಇದೆ. ಆಗ ಕುಸುಬಿ ಎಣ್ಣೆ, ಶೇಂಗಾ ಎಣ್ಣೆ ಎರಡೂ ಇಲ್ಲಿಯ ಗಾಣದ್ದೇ. ಆಮೇಲೆ ಸೂರ್ಯಪಾನ, ಅಂದರೆ ಸೂರ್ಯಕಾಂತಿ, ಬಂತು. ನಾನು ಶಾಲೆಗೆ ಹೋಗುತ್ತಿದ್ದಾಗ ಸಿಂದಗಿ ರಸ್ತೆಯ ಎರಡೂ ಬದಿಗೆ ಹಳದಿ ಹೊಲಗಳಿದ್ದವು. ಈಗ ಅದೇ ಹೊಲಗಳಲ್ಲಿ ತೊಗರಿ ಇದೆ, ಕಬ್ಬು ಇದೆ, ದ್ರಾಕ್ಷಿ ಇದೆ. ಸೂರ್ಯಕಾಂತಿ ಎಣ್ಣೆ ಮಾತ್ರ ಕಪ್ಪು ಸಮುದ್ರ ದಾಟಿ ಬರುತ್ತದೆ. ಯುದ್ಧಕ್ಕೆ ಮುಂಚೆ ನಮ್ಮ ದೇಶ ತರಿಸುತ್ತಿದ್ದ ಸೂರ್ಯಕಾಂತಿ ಎಣ್ಣೆಯಲ್ಲಿ ದೊಡ್ಡ ಪಾಲು ಉಕ್ರೇನಿನದು, ಅದರ ನಂತರ ರಷ್ಯಾದ್ದು. ಈ ಮಾತು 2022ರ ಫೆಬ್ರುವರಿ 24ರವರೆಗೆ ನನಗೂ ಸರಿಯಾಗಿ ಗೊತ್ತಿರಲಿಲ್ಲ.

ಅವತ್ತು ಯುದ್ಧ ಶುರುವಾಯಿತು, ಉಕ್ರೇನಿನ ಬಂದರುಗಳು ಮುಚ್ಚಿದವು. ಡಬ್ಬಿಯ ರೇಟು ಬೆಳಿಗ್ಗೆ ಒಂದು, ಸಂಜೆ ಒಂದು. ಏಪ್ರಿಲ್ ಕೊನೆಗೆ ಇಂಡೋನೇಷ್ಯಾ ಪಾಮ್ ಎಣ್ಣೆ ರಫ್ತನ್ನೂ ನಿಲ್ಲಿಸಿತು, ಮೇ 23ರವರೆಗೆ ಬಿಡಲಿಲ್ಲ. ಆ ದಿನಗಳಲ್ಲಿ ನಾನು ಮಾಲು ಬಚ್ಚಿಟ್ಟಿದ್ದೇನೆ ಅಂತ ಹಳೇ ಗಿರಾಕಿಗಳೇ ಮುಖದ ಮೇಲೆ ಹೇಳಿದರು. ಇಪ್ಪತ್ತು ವರ್ಷದಿಂದ ಬರುತ್ತಿದ್ದವರು. ಅದು ನನಗೆ ತುಂಬಾ ನೋವಾಯಿತು. ನನ್ನ ಗೋಡೌನ್‌ನಲ್ಲಿ ಏನೂ ಇರಲಿಲ್ಲ, ಎಣ್ಣೆ ಉಕ್ರೇನಿನ ಬಂದರುಗಳಲ್ಲೇ ಸಿಕ್ಕಿಬಿದ್ದಿತ್ತು. ಅವತ್ತು ರಾತ್ರಿ ಈ ಆ್ಯಪ್ ಹಾಕಿಕೊಂಡೆ, ಫ್ರೀ ಇರುವುದನ್ನು. ಗಿರಾಕಿಗಳಿಗೆ ತೋರಿಸಲು.

ತೋರಿಸಿದೆ ಕೂಡ. ಉಕ್ರೇನಿನ ದೊಡ್ಡ ಬಂದರು ಒಡೆಸಾದ ಎದುರಿನ ಸಮುದ್ರ ಖಾಲಿ. ಕಪ್ಪು ಸಮುದ್ರಕ್ಕೆ ಒಳಹೋಗುವ ಬಾಸ್ಫರಸ್ ಜಲಸಂಧಿಯ ಬಾಯಲ್ಲಿ ಹಡಗುಗಳ ಗುಂಪು, ಒಡೆಸಾ ಕಡೆ ಒಂದೂ ಇಲ್ಲ. ಆ ಒಂದು ನಕ್ಷೆ ಮಾಡಿದ ಕೆಲಸ ನಾನು ಎಷ್ಟು ಬಾಯಿಮಾತು ಹೇಳಿದರೂ ಆಗುತ್ತಿರಲಿಲ್ಲ. ಆಮೇಲೆ ಜುಲೈ 22ಕ್ಕೆ ವಿಶ್ವಸಂಸ್ಥೆ ಮತ್ತು ಟರ್ಕಿ ಸೇರಿ ಇಸ್ತಾಂಬುಲ್‌ನಲ್ಲಿ ಧಾನ್ಯದ ಒಪ್ಪಂದ ಮಾಡಿಸಿದವು. ಆಗಸ್ಟ್ 1ಕ್ಕೆ ರಜೋನಿ ಅನ್ನುವ ಹಡಗು ಸುಮಾರು 26,000 ಟನ್ ಮೆಕ್ಕೆಜೋಳ ತುಂಬಿಕೊಂಡು ಒಡೆಸಾ ಬಿಟ್ಟಿತು. ಅದನ್ನು ನಾನು ಅಂಗಡಿಯಲ್ಲಿ ಕೂತು ನೋಡಿದ್ದೇನೆ. ಒಂದು ಚಿಕ್ಕ ಬಾಣದ ಗುರುತು, ಖಾಲಿ ನೀರಿನಲ್ಲಿ, ಮೆಲ್ಲಗೆ ಕೆಳಗೆ ಇಳಿಯುತ್ತಾ ಬಂತು. ಆ ಒಪ್ಪಂದ 2023ರ ಜುಲೈ 17ಕ್ಕೆ ಮುರಿಯಿತು. ಅಷ್ಟರಲ್ಲಿ ಸುಮಾರು 3.3 ಕೋಟಿ ಟನ್ ಧಾನ್ಯ, ಎಣ್ಣೆ, ಹಿಂಡಿ ಹೊರಗೆ ಹೋಗಿತ್ತು.

ಅಲ್ಲಿಯವರೆಗೆ ಫ್ರೀ ಆ್ಯಪ್ ಸಾಕಾಗಿತ್ತು. ದುಡ್ಡು ಕಟ್ಟಿದ್ದು ಬೇರೆ ಕಾರಣಕ್ಕೆ. ನನ್ನ ಅಕ್ಕನ ಮಗ ಮರ್ಚೆಂಟ್ ನೇವಿ ಸೇರಿದ. ಧಾನ್ಯ, ಗೊಬ್ಬರ ಸಾಗಿಸುವ ಹಡಗು, ಪನಾಮಾ ಬಾವುಟ, ಅಂದರೆ ನೋಂದಣಿ ಅಲ್ಲಿಯದು. ಅದು ಯಾವ ಬಂದರಿಗೆ ಹೋಗುತ್ತದೆ ಅಂತ ಅವನಿಗೇ ವಾರ ಮುಂಚೆ ತಿಳಿಯುತ್ತದೆ. ಅಕ್ಕ ದಿನಾ ಅಂಗಡಿಗೆ ಬಂದು ಕೇಳುವಳು, "ತಮ್ಮಾ, ಹಡಗ ಎಲ್ಲಿಗಿ ಬಂತು ನೋಡೊ ಸ್ವಲ್ಪ." ಫ್ರೀ ಆ್ಯಪ್‌ನಲ್ಲಿ ಹಡಗು ದಂಡೆ ಬಿಟ್ಟ ಒಂದು ದಿನಕ್ಕೆ ಮಾಯ. ಆಮೇಲೆ ಹತ್ತು ದಿನ ಏನೂ ಇಲ್ಲ. ಅಕ್ಕನಿಗೆ ಆ ಹತ್ತು ದಿನ ಹೇಗೆ ಹೋಗುತ್ತಿತ್ತು ಅಂತ ನಾನು ನೋಡಿದ್ದೇನೆ. ಅದಕ್ಕೆ ವರ್ಷದ ದುಡ್ಡು ಒಂದೇ ಸಲ ಕಟ್ಟಿದೆ.

ಯಾಕೆ ಮಾಯ ಆಗುತ್ತದೆ ಅನ್ನುವುದನ್ನು ತಿಳಿದುಕೊಂಡರೆ ಅರ್ಧ ಗಾಬರಿ ಕಡಿಮೆಯಾಗುತ್ತದೆ. ಹಡಗಿನಲ್ಲಿ ಎಐಎಸ್ ಅನ್ನುವ ಒಂದು ಪೆಟ್ಟಿಗೆ ಇರುತ್ತದೆ. ಅದು ರೇಡಿಯೋ ಮೂಲಕ ಹಡಗಿನ ನಂಬರು, ಇರುವ ಜಾಗ, ವೇಗ, ದಿಕ್ಕು ಕೂಗಿ ಹೇಳುತ್ತಿರುತ್ತದೆ. ಓಡುವಾಗ 2ರಿಂದ 10 ಸೆಕೆಂಡಿಗೆ ಒಮ್ಮೆ, ಲಂಗರು ಹಾಕಿ ನಿಂತಾಗ 3 ನಿಮಿಷಕ್ಕೆ ಒಮ್ಮೆ. ದೇಶದಿಂದ ದೇಶಕ್ಕೆ ಓಡಾಡುವ 300 ಟನ್ನೇಜ್‌ಗಿಂತ ದೊಡ್ಡ ಹಡಗುಗಳಿಗೆ ಇದು ಕಡ್ಡಾಯ. ಇದನ್ನು ಮಾಡಿದ್ದೇ ಹಡಗು ಹಡಗಿಗೆ ಡಿಕ್ಕಿ ಹೊಡೆಯಬಾರದು ಅಂತ, ನಮಗೆ ತೋರಿಸಲು ಅಲ್ಲ. ದಂಡೆಯ ಮೇಲಿನ ಆ್ಯಂಟೆನಾಗೆ ನಲವತ್ತು ಐವತ್ತು ನಾಟಿಕಲ್ ಮೈಲಿವರೆಗೆ ಈ ಕೂಗು ಕೇಳುತ್ತದೆ. ಅದರಾಚೆ ಉಪಗ್ರಹ ಬೇಕು. ಉಪಗ್ರಹದ ಮಾಹಿತಿಗೇ ನಾವು ದುಡ್ಡು ಕೊಡುವುದು. ಮಿಕ್ಕ ಬಣ್ಣ, ಅಲರ್ಟ್, ಹಡಗಿನ ಫೋಟೋ ಎಲ್ಲ ಇದ್ದರೂ ಆಯಿತು, ಇಲ್ಲದಿದ್ದರೂ ಆಯಿತು.

ನಂಬರು ಓದುವುದನ್ನು ಕಲಿತರೆ ಈ ಆ್ಯಪ್ ಮೂರು ಪಟ್ಟು ಉಪಯೋಗಕ್ಕೆ ಬರುತ್ತದೆ. ಪ್ರತಿ ಹಡಗಿಗೆ 9 ಅಂಕಿಯ ಒಂದು ರೇಡಿಯೋ ನಂಬರು ಇರುತ್ತದೆ. ಕೆಎ 28 ಕಂಡ ಕೂಡಲೇ ವಿಜಯಪುರದ ಗಾಡಿ ಅಂತ ನಮಗೆ ಗೊತ್ತಾಗುತ್ತದೆ ಅಲ್ವಾ, ಹಾಗೆ ಮೊದಲ ಮೂರು ಅಂಕಿ 273 ಇದ್ದರೆ ರಷ್ಯಾ, 272 ಇದ್ದರೆ ಉಕ್ರೇನ್, 419 ಇದ್ದರೆ ನಮ್ಮದು. ಆದರೆ ನಂಬರ್ ಪ್ಲೇಟ್ ಬದಲಾಯಿಸಬಹುದು. ಬದಲಾಗದೇ ಉಳಿಯುವುದು 7 ಅಂಕಿಯ ಐಎಂಒ ನಂಬರು, ಅದು ಗಾಡಿಯ ಚಾಸಿ ನಂಬರು ಇದ್ದಂತೆ. ಹಡಗು ಕಟ್ಟಿದ ದಿನದಿಂದ ಒಡೆದು ಗುಜರಿಗೆ ಹಾಕುವವರೆಗೆ ಅದೇ. ರಷ್ಯಾದ ಕಚ್ಚಾ ತೈಲಕ್ಕೆ 2022ರ ಡಿಸೆಂಬರ್ 5ರಿಂದ ಪಶ್ಚಿಮದ ದೇಶಗಳು ಬ್ಯಾರೆಲ್‌ಗೆ 60 ಡಾಲರ್ ಬೆಲೆ ಮಿತಿ ಹಾಕಿದ ಮೇಲೆ, ಅದರಿಂದ ತಪ್ಪಿಸಿಕೊಳ್ಳಲು ಹಳೇ ಹಳೇ ಟ್ಯಾಂಕರ್‌ಗಳು ಹೆಸರು ಬದಲಿಸಿ, ಬಾವುಟ ಬದಲಿಸಿ ಓಡಾಡಲು ಶುರು ಮಾಡಿದವು. ಇವತ್ತು ಗ್ಯಾಬನ್, ನಾಳೆ ಕುಕ್ ದ್ವೀಪ. ಹೆಸರು ಹಾಕಿ ಹುಡುಕಿದರೆ ಅವು ಸಿಗುವುದಿಲ್ಲ. ಐಎಂಒ ಹಾಕಿ ಹುಡುಕಿದರೆ ಅದರ ಹಳೇ ಹೆಸರುಗಳೆಲ್ಲ ಸಾಲಾಗಿ ಬರುತ್ತವೆ. ದುಡ್ಡು ಕೊಟ್ಟ ಮೇಲೆ ನನಗೆ ಜಾಸ್ತಿ ಇಷ್ಟವಾದದ್ದು ಇದು.

ಹಡಗು ಹೇಳುವ ಎಲ್ಲವನ್ನೂ ನಂಬಲೂ ಬಾರದು. ಎಲ್ಲಿಗೆ ಹೊರಟಿದೆ ಅನ್ನುವುದನ್ನು ಸಿಬ್ಬಂದಿ ಕೈಯಾರೆ ಟೈಪ್ ಮಾಡುತ್ತಾರೆ. 2023ರ ಕೊನೆಯಲ್ಲಿ ಯೆಮನ್‌ನ ಹೂತಿ ಬಂಡುಕೋರರು ಕೆಂಪು ಸಮುದ್ರದಲ್ಲಿ ಹಡಗುಗಳ ಮೇಲೆ ದಾಳಿ ಶುರು ಮಾಡಿದಾಗ, ಬಂದರಿನ ಹೆಸರು ಇರಬೇಕಾದ ಜಾಗದಲ್ಲಿ ಎಷ್ಟೋ ಹಡಗುಗಳು "ಸಿಬ್ಬಂದಿ ಎಲ್ಲ ಚೀನಾದವರು", "ಇಸ್ರೇಲ್ ಜೊತೆ ಸಂಬಂಧ ಇಲ್ಲ" ಅಂತ ಬರೆದುಕೊಂಡಿದ್ದವು. ಅದನ್ನು ಓದಿದಾಗ ನನಗೆ ಕರುಳು ಹಿಂಡಿದ ಹಾಗಾಯಿತು. ಅದು ಯಾರೋ ಹುಡುಗರು ಜೀವ ಉಳಿಸಿಕೊಳ್ಳಲು ಟೈಪ್ ಮಾಡಿದ ಸಾಲು.

ಈಗ ಆ ರಾತ್ರಿಯ ವಿಷಯ. ಕಳೆದ ಬೇಸಿಗೆ, ಹುಡುಗನ ಹಡಗು ಗೋಧಿ ತುಂಬಲು ನೊವೊರೊಸಿಸ್ಕ್ ಕಡೆ ಹೊರಟಿತ್ತು. ಅದು ಕಪ್ಪು ಸಮುದ್ರದ ದಂಡೆಯ ಮೇಲೆ ರಷ್ಯಾಗೆ ಇರುವ ದೊಡ್ಡ ಬಂದರು, ಪಕ್ಕದಲ್ಲೇ ಅವರ ನೌಕಾನೆಲೆ. ಕ್ರಿಮಿಯಾದಲ್ಲಿರುವ ಅವರ ಇನ್ನೊಂದು ನೌಕಾನೆಲೆ ಸೆವಾಸ್ಟೊಪೋಲ್‌ಗೆ ಕ್ಷಿಪಣಿ ಬೀಳತೊಡಗಿದ ಮೇಲೆ ರಷ್ಯಾ ತನ್ನ ಎಷ್ಟೋ ಯುದ್ಧನೌಕೆಗಳನ್ನು ಇಲ್ಲಿಗೇ ತಂದು ನಿಲ್ಲಿಸಿದೆ. ಇಲ್ಲಿಯೂ ಅವು ಪೂರ್ತಿ ಕ್ಷೇಮವಿಲ್ಲ. 2023ರ ಆಗಸ್ಟ್ 4ಕ್ಕೆ ಉಕ್ರೇನಿನ ಸಮುದ್ರ ಡ್ರೋನ್ ಬಂದು ಒಲೆನೆಗೋರ್ಸ್ಕಿ ಗೋರ್ನ್ಯಾಕ್ ಅನ್ನುವ ದೊಡ್ಡ ಹಡಗಿಗೆ ಹೊಡೆದದ್ದು ಇದೇ ಬಂದರಿನ ಹತ್ತಿರ. ಇಷ್ಟನ್ನೂ ನಾನು ಅಕ್ಕನಿಗೆ ಹೇಳಿರಲಿಲ್ಲ.

ರಾತ್ರಿ ಹತ್ತೂವರೆಗೆ ಅಕ್ಕನ ಫೋನ್. "ತಮ್ಮಾ, ಇಲ್ಲಿ ನೋಡೊ, ಹಡಗ ನೆಲದ ಮ್ಯಾಲ ನಿಂತೈತಿ." ನಾನು ಆ್ಯಪ್ ತೆಗೆದೆ. ನಿಜ. ಸಂಜೆವರೆಗೆ ನೀರಿನಲ್ಲಿ ಇದ್ದ ಗುರುತು ದಂಡೆ ದಾಟಿ ಒಳನಾಡಿನಲ್ಲಿತ್ತು. ಅದರ ಸುತ್ತ ಇನ್ನೂ ಹತ್ತು ಹನ್ನೆರಡು ಹಡಗು, ಎಲ್ಲ ಒಂದರ ಮೇಲೊಂದು ಒಂದೇ ಜಾಗದಲ್ಲಿ. ನಕ್ಷೆ ದೊಡ್ಡದು ಮಾಡಿ ನೋಡಿದರೆ ಅದು ವಿಮಾನ ನಿಲ್ದಾಣದ ರನ್‌ವೇ. ಹಡಗು ಮುಳುಗಿದರೆ ಏನು ಕಾಣುತ್ತದೆ, ಹೊಡೆತ ಬಿದ್ದರೆ ಏನು ಕಾಣುತ್ತದೆ, ನನಗೆ ಗೊತ್ತಿಲ್ಲ. ನಾವಿಬ್ಬರೂ ಆ ರಾತ್ರಿ ಮಲಗಲಿಲ್ಲ.

ಮರುದಿನ ಮಧ್ಯಾಹ್ನ ಹುಡುಗನ ಕಾಲ್ ಬಂತು. "ಮಾಮಾ, ಇಲ್ಲಿ ಜಿಪಿಎಸ್ ಹಿಂಗ ಆಗ್ತೈತಿ. ನಾವು ರಡಾರ್ ನೋಡಿಕೊಂಡು ಹೊಂಟೀವಿ. ಅವ್ವಗ ಹೇಳು."

ವಿಷಯ ಇಷ್ಟೇ. ಎಐಎಸ್ ಪೆಟ್ಟಿಗೆ ತನ್ನ ಜಾಗ ತಿಳಿದುಕೊಳ್ಳುವುದು ಹಡಗಿನ ಜಿಪಿಎಸ್‌ನಿಂದ. ಯಾರಾದರೂ ನೆಲದಿಂದ ಜೋರಾಗಿ ಸುಳ್ಳು ಸಿಗ್ನಲ್ ಬಿಟ್ಟರೆ ಜಿಪಿಎಸ್ ಅದನ್ನೇ ನಂಬುತ್ತದೆ, ಎಐಎಸ್ ಅದನ್ನೇ ಕೂಗುತ್ತದೆ, ಆ್ಯಪ್ ಅದನ್ನೇ ನಮಗೆ ತೋರಿಸುತ್ತದೆ. ಇದು ಈ ಯುದ್ಧಕ್ಕೂ ಮುಂಚಿನದು. 2017ರ ಜೂನ್‌ನಲ್ಲಿ ಇದೇ ನೊವೊರೊಸಿಸ್ಕ್ ಎದುರು ಇಪ್ಪತ್ತರಷ್ಟು ಹಡಗುಗಳಿಗೆ ತಾವು ಗೆಲೆಂಜಿಕ್ ವಿಮಾನ ನಿಲ್ದಾಣದಲ್ಲಿ ಇದ್ದೇವೆ ಅಂತ ಜಿಪಿಎಸ್ ತೋರಿಸಿತ್ತು. ವಿಮಾನ ನಿಲ್ದಾಣವೇ ಯಾಕೆ ಅಂದರೆ, ಬಹಳಷ್ಟು ಡ್ರೋನ್‌ಗಳು ವಿಮಾನ ನಿಲ್ದಾಣದ ಹತ್ತಿರ ಹಾರದಂತೆ ಅವುಗಳ ಒಳಗೇ ತಡೆ ಹಾಕಿರುತ್ತಾರೆ; ಡ್ರೋನ್‌ಗೆ ತಾನು ಅಲ್ಲೇ ಇದ್ದೇನೆ ಅನ್ನಿಸಿದರೆ ಅದು ಇಳಿದುಬಿಡುತ್ತದೆ ಅನ್ನುವುದು ತಿಳಿದವರು ಕೊಡುವ ಕಾರಣ. ಡ್ರೋನ್‌ಗೆ ಹಾಕಿದ ಬಲೆಯಲ್ಲಿ ಗೋಧಿ ಹಡಗೂ ಸಿಕ್ಕಿಕೊಳ್ಳುತ್ತದೆ.

ನನ್ನ ಸಿಟ್ಟು ಇಲ್ಲಿದೆ. ಈ ಸಂಗತಿ ಆ್ಯಪ್ ಮಾಡಿದವರಿಗೆ ನನಗಿಂತ ಚೆನ್ನಾಗಿ ಗೊತ್ತು. ಹತ್ತು ಹಡಗು ರನ್‌ವೇ ಮೇಲೆ ನಿಂತಿವೆ ಅಂದರೆ ಅದು ಸುಳ್ಳು ಅಂತ ಕಂಪ್ಯೂಟರ್‌ಗೆ ಕಂಡುಹಿಡಿಯಲು ಕಷ್ಟವಿಲ್ಲ. ಈ ಪ್ರದೇಶದಲ್ಲಿ ಜಿಪಿಎಸ್ ನಂಬುವಂತಿಲ್ಲ ಅಂತ ಒಂದು ಸಾಲು ತೋರಿಸಬಹುದಿತ್ತು, ತೋರಿಸಲಿಲ್ಲ. ನಾನು ಅವರಿಗೆ ಮೇಲ್ ಬರೆದೆ. ಆರು ದಿನದ ನಂತರ ಉತ್ತರ ಬಂತು, ನಿಮ್ಮ ಆ್ಯಪ್ ಅಪ್‌ಡೇಟ್ ಮಾಡಿಕೊಳ್ಳಿ ಅಂತ. ಒಂದೂವರೆ ಸ್ಟಾರ್ ಕಳೆದದ್ದು ಇದಕ್ಕೇ.

ಇನ್ನು ಯುದ್ಧನೌಕೆಗಳು. ನಮ್ಮ ಕಡೆ ಸೈನ್ಯದ ವಿಷಯ ಅಂದರೆ ಎಲ್ಲರಿಗೂ ಆಸಕ್ತಿ. ಊರಲ್ಲೇ ಸೈನಿಕ ಶಾಲೆ ಇದೆ, ಆ ಕಡೆ ಬೆಳಗಾವಿಯಲ್ಲಿ ಮರಾಠಾ ರೆಜಿಮೆಂಟ್. ಅಂಗಡಿಗೆ ಬರುವ ನಿವೃತ್ತ ಸುಬೇದಾರರೊಬ್ಬರು ನನ್ನ ಫೋನ್ ನೋಡಿದಾಗಲೆಲ್ಲ ಕೇಳುತ್ತಿದ್ದರು, ರಷ್ಯಾದ ನೇವಿ ತೋರಿಸ್ರಿ ಅಂತ. ಹುಡುಕಿ ಹುಡುಕಿ ಸಾಕಾಯಿತು. ಎಐಎಸ್ ಕಡ್ಡಾಯ ಅನ್ನುವ ನಿಯಮ ಯುದ್ಧನೌಕೆಗಳಿಗೆ ಅನ್ವಯಿಸುವುದಿಲ್ಲ. ಅವು ಬೇಕಾದಾಗ ಆನ್ ಮಾಡುತ್ತವೆ, ಬೇಡವಾದಾಗ ಆಫ್. ನಮ್ಮ ಐಎನ್‌ಎಸ್ ತುಶಿಲ್ 2024ರ ಡಿಸೆಂಬರ್ 9ಕ್ಕೆ ರಷ್ಯಾದ ಕಲಿನಿನ್‌ಗ್ರಾಡ್‌ನಲ್ಲಿ ನೌಕಾಪಡೆ ಸೇರಿತು, 2025ರ ಫೆಬ್ರುವರಿಯಲ್ಲಿ ಕಾರವಾರಕ್ಕೆ ಬಂದು ತಲುಪಿತು. ನಮ್ಮ ರಾಜ್ಯದ ಬಂದರಿಗೇ ಬರುವ ಹಡಗು, ನೋಡೋಣ ಅಂತ ಎರಡು ತಿಂಗಳು ಕಾದೆ, ನನಗೆ ಒಂದು ದಿನವೂ ಕಾಣಲಿಲ್ಲ. ಆ ಹಡಗನ್ನು ಕಟ್ಟಿದ್ದು ರಷ್ಯಾ, ಅದರ ಗ್ಯಾಸ್ ಟರ್ಬೈನ್ ಎಂಜಿನ್ ಉಕ್ರೇನಿನದು. ಸುಬೇದಾರರಿಗೆ ಇದನ್ನು ಹೇಳಿದಾಗ ಅವರು ಬಹಳ ಹೊತ್ತು ಸುಮ್ಮನೆ ಕೂತರು.

ಹಾಗಾದರೆ ಸುದ್ದಿಯಲ್ಲಿ ಬರುವವರು ರಷ್ಯಾದ ನೌಕೆಗಳನ್ನು ಹೇಗೆ ಹಿಡಿಯುತ್ತಾರೆ? ಈ ಆ್ಯಪ್ ಒಂದನ್ನೇ ನೋಡಿ ಅಲ್ಲ. ಮೊದಲನೆಯದು ಕಣ್ಣು. ಕಪ್ಪು ಸಮುದ್ರದಿಂದ ಹೊರಬರಲು ಇಸ್ತಾಂಬುಲ್ ನಗರದ ನಡುವೆಯೇ ಹಾಯಬೇಕು, ಬೇರೆ ಸಮುದ್ರದಾರಿ ಇಲ್ಲ. ಅಲ್ಲಿ ಯೋರುಕ್ ಇಶಿಕ್ ಅನ್ನುವವರು ವರ್ಷಗಟ್ಟಲೆ ದಂಡೆಯ ಮೇಲೆ ಕ್ಯಾಮೆರಾ ಹಿಡಿದು ರಷ್ಯಾದ ಹಡಗುಗಳ ಫೋಟೋ ತೆಗೆದಿದ್ದಾರೆ. ನೀರಿನಲ್ಲಿ ಹಡಗು ಎಷ್ಟು ಇಳಿದಿದೆ, ಡೆಕ್ ಮೇಲೆ ಏನು ಮುಚ್ಚಿಟ್ಟಿದ್ದಾರೆ, ಎಲ್ಲ ಗೊತ್ತಾಗುತ್ತದೆ. 1936ರ ಮಾಂಟ್ರೊ ಒಪ್ಪಂದದ ಪ್ರಕಾರ ಟರ್ಕಿ 2022ರ ಫೆಬ್ರುವರಿ ಕೊನೆಗೆ ಈ ದಾರಿಯನ್ನು ಯುದ್ಧನೌಕೆಗಳಿಗೆ ಮುಚ್ಚಿತು. ಆದರೂ ಸೈನ್ಯದ ಸಾಮಾನು ಹೊರುವ ಸ್ಪಾರ್ಟಾ ಅಂಥ ಸರಕು ಹಡಗುಗಳು ಸಿರಿಯಾದ ಟಾರ್ಟಸ್ ಬಂದರಿಗೆ ಓಡಾಡುತ್ತಲೇ ಇದ್ದವು. ಸರಕು ಹಡಗಾದ್ದರಿಂದ ಅವು ಮಾತ್ರ ಆ್ಯಪ್‌ನಲ್ಲೂ ಕಾಣುತ್ತವೆ. ಸುಬೇದಾರರಿಗೆ ಕೊನೆಗೆ ತೋರಿಸಿದ್ದು ಅವನ್ನೇ. ಅದೇ ಬಗೆಯ ಉರ್ಸಾ ಮೇಜರ್ ಅನ್ನುವ ಹಡಗು 2024ರ ಡಿಸೆಂಬರ್‌ನಲ್ಲಿ ಸ್ಪೇನ್ ಮತ್ತು ಅಲ್ಜೀರಿಯಾ ನಡುವೆ ಮುಳುಗಿತು. 16 ಜನರಲ್ಲಿ 14 ಜನ ಬದುಕಿದರು.

ಎರಡನೆಯದು ರಡಾರ್ ಉಪಗ್ರಹ. ಇದನ್ನು ದಯವಿಟ್ಟು ಓದಿ, ಯಾಕಂದರೆ ಇದು ಪೂರ್ತಿ ಫ್ರೀ. ಯುರೋಪಿನ ಸೆಂಟಿನೆಲ್-1 ಉಪಗ್ರಹದ ಚಿತ್ರಗಳನ್ನು ಕೊಪರ್ನಿಕಸ್ ಬ್ರೌಸರ್‌ನಲ್ಲಿ ಯಾರು ಬೇಕಾದರೂ ನೋಡಬಹುದು. ಮೋಡ ಇರಲಿ, ರಾತ್ರಿ ಇರಲಿ, ಕಪ್ಪು ನೀರಿನ ಮೇಲೆ ಹಡಗು ಬಿಳಿ ಕಾಳಿನ ಹಾಗೆ ಹೊಳೆಯುತ್ತದೆ. ಒಂದು ಚೌಕ ಅಂದರೆ 10 ಮೀಟರ್ ಅಂತ ಲೆಕ್ಕ ಹಾಕಿ ಹಡಗಿನ ಉದ್ದ ಅಂದಾಜು ಮಾಡಬಹುದು. ರಷ್ಯಾದ ಕಪ್ಪು ಸಮುದ್ರ ಪಡೆಯ ಮುಖ್ಯ ಹಡಗು ಮಾಸ್ಕ್ವಾ 186 ಮೀಟರ್ ಉದ್ದ. ಅದಕ್ಕೆ ಉಕ್ರೇನಿನ ನೆಪ್ಚೂನ್ ಕ್ಷಿಪಣಿ ಬಡಿದು 2022ರ ಏಪ್ರಿಲ್ 14ಕ್ಕೆ ಮುಳುಗಿದಾಗ, ಎಚ್. ಐ. ಸಟನ್ ಅನ್ನುವ ನೌಕಾ ವಿಶ್ಲೇಷಕರು ಇಂಥ ರಡಾರ್ ಚಿತ್ರದಲ್ಲೇ ಅದರ ಜಾಗ ಗುರುತಿಸಿದರು. ಆದರೆ ಒಂದೇ ಜಾಗದ ಮೇಲೆ ಉಪಗ್ರಹ ಮತ್ತೆ ಬರಲು ದಿನಗಳು ಹಿಡಿಯುತ್ತವೆ. ಈಗ ಎಲ್ಲಿದೆ ಅಂತ ಅದು ಹೇಳುವುದಿಲ್ಲ, ಮೊನ್ನೆ ಎಲ್ಲಿತ್ತು ಅಂತ ಹೇಳುತ್ತದೆ. ಫೋನ್‌ನಲ್ಲಿ ನೋಡಲು ಹೋಗಬೇಡಿ, ಕಂಪ್ಯೂಟರ್ ಬೇಕು. ನನಗೆ ಕಲಿಯಲು ನಾಲ್ಕು ಭಾನುವಾರ ಹಿಡಿಯಿತು, ಬಿಕಾಂ ಓದುವ ಮಗಳಿಗೆ ಒಂದು ಸಂಜೆ.

ಆ್ಯಪ್ ಜೊತೆ ಬೇರೆ ಸಾಕ್ಷಿಯನ್ನೂ ಜೋಡಿಸಿ ನೋಡುವುದು ಯಾಕೆ ಬೇಕು ಅನ್ನುವುದಕ್ಕೆ ಒಂದು ಸಂಗತಿ ಹೇಳುತ್ತೇನೆ. 2021ರ ಜೂನ್‌ನಲ್ಲಿ ಬ್ರಿಟನ್ನಿನ ಡಿಫೆಂಡರ್ ಮತ್ತು ನೆದರ್‌ಲ್ಯಾಂಡ್ಸ್‌ನ ಎವರ್ಟ್‌ಸೆನ್ ಅನ್ನುವ ಯುದ್ಧನೌಕೆಗಳು ಒಡೆಸಾದಲ್ಲಿ ಕಟ್ಟಿಹಾಕಿ ನಿಂತಿದ್ದವು. ಎಐಎಸ್ ನಕ್ಷೆಯಲ್ಲಿ ಮಾತ್ರ ಅವು ರಾತ್ರಿ ಹೊರಟು ಸೆವಾಸ್ಟೊಪೋಲ್‌ನ ಬಾಗಿಲವರೆಗೆ, ಎರಡು ನಾಟಿಕಲ್ ಮೈಲಿ ಹತ್ತಿರ ಹೋದ ಹಾಗೆ ಕಂಡಿತು. ಪೂರ್ತಿ ಕಟ್ಟುಕಥೆ. ಒಡೆಸಾದ ಬಂದರಿನ ವೆಬ್‌ಕ್ಯಾಮ್‌ನಲ್ಲಿ ಎರಡೂ ಹಡಗು ಅಲ್ಲೇ ಇದ್ದವು, ಅದರಿಂದ ಸುಳ್ಳು ಬಯಲಾಯಿತು. ಇಂಥ ಒಂದು ಸುಳ್ಳು ಗೆರೆಯನ್ನು ಯಾರಾದರೂ ನಿಜ ಅಂತ ನಂಬಿ ಗುಂಡು ಹಾರಿಸಿಬಿಟ್ಟರೆ? ನನಗೆ ಈಗಲೂ ಭಯವಾಗುವ ವಿಷಯ ಇದು.

ಉಳಿದ ದೂರುಗಳು ಸಣ್ಣವು. ಬಂದರು ಬಿಟ್ಟ ಅಲರ್ಟ್ ಒಮ್ಮೊಮ್ಮೆ ಐದು ತಾಸು ತಡವಾಗಿ ಬರುತ್ತದೆ. ವರ್ಷ ಮುಗಿದ ಕೂಡಲೇ ಕೇಳದೇ ಕಾರ್ಡ್‌ನಿಂದ ದುಡ್ಡು ಕಟ್ ಆಗುವ ಹಾಗೆ ಇಟ್ಟಿರುತ್ತಾರೆ, ತೆಗೆದುಕೊಂಡ ದಿನವೇ ಅದನ್ನು ಆಫ್ ಮಾಡಿ. ಕನ್ನಡ ಇಲ್ಲ. ಅಕ್ಕನಿಗೆ ಬಣ್ಣದ ಮೇಲೆ ಕಲಿಸಿದ್ದೇನೆ: ನಮ್ಮ ಹುಡುಗನದು ಹಸಿರು, ಟ್ಯಾಂಕರ್ ಕೆಂಪು.

ಒಂದು ಮಾತು ಕೈಮುಗಿದು ಕೇಳುತ್ತೇನೆ. ಮನೆಯ ಹುಡುಗರು ಈ ಸಮುದ್ರಗಳಲ್ಲಿ ಇದ್ದರೆ ಹಡಗಿನ ಹೆಸರು, ನಂಬರು, ಸ್ಕ್ರೀನ್‌ಶಾಟ್ ವಾಟ್ಸ್ಆ್ಯಪ್ ಗ್ರೂಪ್‌ಗಳಲ್ಲಿ ಹಾಕಬೇಡಿ. ಆ್ಯಪ್‌ನಲ್ಲಿ ಎಲ್ಲರಿಗೂ ಕಾಣುತ್ತದಲ್ಲ ಅಂತ ನಾನೂ ಅಂದುಕೊಂಡಿದ್ದೆ. ಹುಡುಗನೇ ಬೇಡ ಅಂದ. ಹಡಗಿನಲ್ಲಿ ಏನಿದೆ, ಯಾವಾಗ ಹೊರಡುತ್ತದೆ ಅಂತ ಅವನು ಮನೆಗೆ ಹೇಳುವ ಮಾತು ಆ್ಯಪ್‌ನಲ್ಲಿ ಇರುವುದಿಲ್ಲ. ಅದು ಸ್ಕ್ರೀನ್‌ಶಾಟ್ ಜೊತೆ ಸೇರಿ ಊರೂರು ಸುತ್ತಬಾರದು. ಇಲ್ಲಿ ನಾನು ಅವನ ಹಡಗಿನ ಹೆಸರು ಬರೆಯದೇ ಇರುವುದೂ ಇದೇ ಕಾರಣಕ್ಕೆ.

ಸದ್ಯ ಅವನ ಹಡಗು ಸೂಯೆಜ್ ಕಾಲುವೆಯ ಸರದಿಯಲ್ಲಿ ಲಂಗರು ಹಾಕಿ ನಿಂತಿದೆ. ನನ್ನ ವರ್ಷದ ಅವಧಿ ಮುಂದಿನ ತಿಂಗಳು ಮುಗಿಯುತ್ತದೆ, ಅವನ ಕಾಂಟ್ರ್ಯಾಕ್ಟ್ ಮುಗಿಯಲು ಇನ್ನೂ ಮೂರು ತಿಂಗಳಿದೆ. ಅಲ್ಲಿಯವರೆಗೆ ತಿಂಗಳ ಲೆಕ್ಕದಲ್ಲಿ ಕಟ್ಟುತ್ತೇನೆ. ಅವನು ಮನೆಗೆ ಬಂದ ದಿನ ಫ್ರೀ ಆ್ಯಪ್‌ಗೆ ವಾಪಸ್ ಹೋಗುತ್ತೇನೆ, ಎಣ್ಣೆ ಹಡಗು ನೋಡಲು ನನಗೆ ಅಷ್ಟು ಸಾಕು.